ಹೊನ್ನುವಿನ ಹಾಸಿಗೆ

ಮಾದಾಪುರ
14-9-1969

ಚಿ. ಸೌ. ಯಮುನಳಿಗೆ ಅತ್ತೆಯ ಆಶೀರ್ವಾದ.

ನೀನು ತವರಿಗೆ ಹೋಗಿ ತಿಂಗಳಾಯಿತು. ಕೂಸು ಹೇಗಿದೆ ಎಂದು ಕೇಳಲು ನನಗೆ ಮುಖವಿಲ್ಲ, ಆದರೂ ಕೇಳುತ್ತಿದ್ದೇನೆ. ನಿನ್ನ ಗಂಡ ಎದುರು ಕೂತಿದ್ದಾನೆ. ಮನೆಯೆಲ್ಲ ಸರಿಮಾಡಿದ್ದೇವೆ ಅಂತ ಬರಿ ಅವ್ವ, ನೀನು ಬರ್ದರೆ ಬಂದಾಳು ಅನ್ನುತ್ತಾನೆ.

ಸರಿಮಾಡಿದ್ದು ನಿಜ. ಹೊನ್ನು ಮಲಗುತ್ತಿದ್ದ ಬೂರುಗದ ಹಾಸಿಗೆ, ದಿಂಬು ಎಲ್ಲ ಕಾಫಿ ಕಣದಾಚೆ ಸುಟ್ಟೆವು. ಹೊದಿಕೆಗಳನ್ನು ವಾರಕ್ಕೊಮ್ಮೆ ಹಂಡೆಯಲ್ಲಿ ಕುದಿಸುತ್ತೇನೆ. ಒಣ ಪೊರಕೆ ಮುಟ್ಟುವುದಿಲ್ಲ, ಒದ್ದೆ ಬಟ್ಟೆಯಲ್ಲೇ ನೆಲ ಒರೆಸುತ್ತೇನೆ. ಮಲಗಲು ಬರೀ ಚಾಪೆ.

ಪೊನ್ನಪ್ಪ ಎದುರಿನಿಂದ ಎದ್ದು ತೋಟಕ್ಕೆ ಹೋದ. ಇನ್ನು ಮುಂದಿನದು ನನ್ನ ಮಾತು.

ಮೇ ತಿಂಗಳಲ್ಲಿ ನೀನು ಈ ಕೂಸನ್ನು ಹೆತ್ತ ಬಾಣಂತಿ. ಹೊನ್ನುವನ್ನು ಮಡಿಕೇರಿಗೆ ಕರೆದುಕೊಂಡು ಹೋದವಳು ನಾನು. ಶೀತವಂತೆ, ಬೆಚ್ಚಗಿಡಬೇಕಂತೆ ಎಂದು ನಿನಗೆ ಬಂದು ಹೇಳಿದೆನಲ್ಲ, ಡಾಕ್ಟರು ಹಾಗೆ ಹೇಳಿರಲೇ ಇಲ್ಲ. ಹಾಸಿಗೆಯ ಧೂಳಿನಲ್ಲಿ ಕಣ್ಣಿಗೆ ಕಾಣದ ಹುಳ ಇರುತ್ತವೆ, ನಿಮ್ಮ ಮಳೆಗಾಲದ ಥಂಡಿಗೆ ಹೆಚ್ಚುತ್ತವೆ, ಅದರಿಂದಲೇ ಮಗುವಿಗೆ ಉಬ್ಬಸ, ಹಳೆ ಹಾಸಿಗೆ ಕಂಬಳಿ ದೂರವಿಡಿ, ಕಿಟಕಿ ತೆರೆದಿಡಿ ಅಂದಿದ್ದರು. ನನಗೆ ಮೈಯೆಲ್ಲ ಉರಿಯಿತು. ಈ ಬೊಳ್ಳಮ್ಮನ ಮನೆಯಲ್ಲಿ ಹುಳವಂತೆ! ಊರಿಗೆ ಗೊತ್ತಾದರೆ ಮರ್ಯಾದೆ ಏನಾದೀತು ಎಂದು ಬಾಯಿಮುಚ್ಚಿಕೊಂಡೆ.

ಆಟಿ ತಿಂಗಳ ಮಳೆಯಲ್ಲಿ ಅವಳು ಕೆಮ್ಮಿದಾಗಲೆಲ್ಲ ಕಿಟಕಿ ಮುಚ್ಚಿದೆ. ತೀರಿಹೋದ ನಿನ್ನ ಮಾವನ ಕಂಬಳಿಯನ್ನು ಅಟ್ಟದಿಂದ ಇಳಿಸಿ, ಹಿರಿಯರು ಕಾಯುತ್ತಾರೆ ಎಂದು ಮುಖದ ತನಕ ಹೊದೆಸಿದೆ. ಕಂಬಳಿ ಬೇಡ ಅಜ್ಜಿ, ಉಸ್ರು ಕಟ್ತದೆ ಅಂದಳು. ಸುಮ್ಮನೆ ಮಲಕ್ಕೋ ಎಂದು ಗದರಿದೆ. ಅವಳು ನನ್ನ ಮಾತು ಕೇಳಿದಳು, ಯಮುನ. ಆ ಮಗು ಯಾವತ್ತೂ ನನ್ನ ಮಾತು ಮೀರಿದವಳಲ್ಲ.

ಹೊನ್ನು ಹೋದ ದಿನ, ನಾನೇ ಸರಿಯಾಗಿ ಬೆಚ್ಚಗಿಡಲಿಲ್ಲ ಅತ್ತೆ ಎಂದು ನೀನು ಎದೆ ಬಡಿದುಕೊಂಡೆ. ಆಗಲೂ ನಾನು ಬಾಯಿ ಬಿಡಲಿಲ್ಲ. ತಪ್ಪು ನಿನ್ನದಲ್ಲ ಮಗಳೇ. ನನ್ನನ್ನು ಬೈ, ಶಾಪ ಹಾಕು, ನಿನ್ನನ್ನು ಮಾತ್ರ ನೀನು ಬೈದುಕೊಳ್ಳಬೇಡ.

ಇಂತಿ ನಿನ್ನ ಅತ್ತೆ,
ಬೊಳ್ಳಮ್ಮ

ವಿ.ಸೂ.: ಬರುವ ಭಾನುವಾರ ಪೊನ್ನಪ್ಪ ಕರೆಯಲು ಬರುತ್ತಾನೆ. ಅವನಿಗೂ ಈ ಕಾಗದ ಓದಿಸು. ಕೂಸನ್ನು ಮಾತ್ರ ನಾನಿರುವ ಮನೆಗೆ ಕಳಿಸಬೇಡ. ಮೊನ್ನೆ ಪಕ್ಕದ ಮನೆಯ ಮುತ್ತಿ ತನ್ನ ಮಗುವನ್ನು ಎತ್ತಿಕೊಂಡು ಬಂದಿದ್ದಳು. ಮಗು ಒಂದು ಸಲ ಕೆಮ್ಮಿತು. ಕಿಟಕಿಗಳನ್ನೆಲ್ಲ ಮುಚ್ಚಿ ಬಂದು ಅದರ ಮುಖದ ಮೇಲೆ ಸೆರಗು ಹೊದೆಸಿದ ಮೇಲೆಯೇ ನನಗೆ ಎಚ್ಚರವಾದದ್ದು.