ಹೊಟ್ಟೆಯಿಲ್ಲದ ಹಾಯಿ

ಆಗಸ್ಟ್ ೧೮, ಸೋಮವಾರ
ಬೆಳಿಗ್ಗೆ ಎರಡು ಲಾರಿ ಟಾರ್ಪಾಲು. ಒಂದಕ್ಕೆ ಹಗ್ಗ ಪೋಣಿಸುವ ಐಲೆಟ್ ಹೊಡೆದು ಕೊಟ್ಟೆ. ಇನ್ನೊಂದು ನಾಳೆ ಅಂದೆ. ಮಳೆ ಬಿಟ್ಟಿಲ್ಲ. ಕಟಪಾಡಿ ಜಂಕ್ಷನ್‌ನ ಬಸ್ಸಿನವರು ಅಂಗಡಿಯೊಳಗೇ ಕೆಸರು ಹಾರಿಸುತ್ತಾರೆ.

ಮಧ್ಯಾಹ್ನ ಕಾಪುವಿನ ವಾಸು ಎಂಬವರು ಬಂದರು. ಮಂಜಿಯ ತಾಂಡೇಲರಂತೆ — ಮಂಗಳೂರಿನಿಂದ ದ್ವೀಪಗಳಿಗೆ ಅಕ್ಕಿ, ಸಿಮೆಂಟು ಸಾಗಿಸುವ ಮರದ ಹಡಗಿನ ಕ್ಯಾಪ್ಟನ್. ಮಳೆಗಾಲಕ್ಕೆ ಅದನ್ನು ಮಲ್ಪೆಯಲ್ಲಿ ಕಟ್ಟಿ ಹಾಕಿದ್ದಾರೆ. ಹೊಸ ಹಾಯಿ ಬೇಕಂತೆ. ಇಂಜಿನ್ ಇಲ್ವಾ ಎಂದು ಕೇಳಿದೆ.

"ಇಂಜಿನ್ ಉಂಟು. ಆದರೆ ಕಾಗದದಲ್ಲಿ ಅದು ಹಾಯಿ ಹಡಗು. ಬಂದರಿನ ಸರ್ವೆಯವರು ಬರುವಾಗ ಹಾಯಿ ಕಾಣಬೇಕು."

ಮೂವತ್ತೊಂದು ವರ್ಷದಿಂದ ಹೊಲಿಯುತ್ತಿದ್ದೇನೆ. ಹಾಯಿ ಒಂದೂ ಇಲ್ಲ. ಆದರೂ ಆಗುತ್ತದೆ ಅಂದೆ. ಬಟ್ಟೆ ಬಟ್ಟೆಯೇ.

ಆಗಸ್ಟ್ ೨೧, ಗುರುವಾರ
ಅಂಗಡಿಯಲ್ಲಿ ಹಾಸಲು ಜಾಗವಿಲ್ಲ. ಚರ್ಚ್ ಹಾಲ್ ಕೇಳಿದೆ, ಸಿಕ್ಕಿತು. ಶನಿವಾರ ಯಾರದ್ದೋ ರೋಸ್, ಮದುವೆಯ ಹಿಂದಿನ ದಿನದ ಗಲಾಟೆ, ಅಷ್ಟರೊಳಗೆ ಖಾಲಿ ಮಾಡಬೇಕು. ಹದಿನಾಲ್ಕು ಪಟ್ಟಿ, ಡಬಲ್ ಹೊಲಿಗೆ. ಸಂಜೆ ಮುಗಿಯಿತು. ಚಪ್ಪಟೆ ಎಂದರೆ ಚಪ್ಪಟೆ. ಒಂದು ಸುಕ್ಕಿಲ್ಲ. ಈ ಎಡ್ವಿನ್ ಹೊಲಿದ ಶಾಮಿಯಾನದ ಮೇಲೆ ಒಂದು ಲೋಟ ನೀರು ನಿಲ್ಲುವುದಿಲ್ಲ, ಉಡುಪಿಯಲ್ಲಿ ಯಾರನ್ನು ಬೇಕಾದರೂ ಕೇಳಲಿ.

ಗ್ಲ್ಯಾಡಿಸ್ ಬ್ಲೌಸುಗಳ ರಾಶಿ ಬಿಟ್ಟು ನೋಡಲು ಬಂದಳು. "ಚಂದ ಉಂಟು" ಅಂದಳು. ಹೆಂಡತಿಯ ಬಾಯಿಂದ ಅಷ್ಟು ಬಂದರೆ ಸಾಕು.

ಆಗಸ್ಟ್ ೨೪, ಭಾನುವಾರ
ಚರ್ಚಿನಲ್ಲಿ ಪೂಜೆ ಮುಗಿಸಿ ಮಲ್ಪೆಗೆ ಹೋದೆ. ಹೊಳೆಯಲ್ಲೇ ಹಾಯಿ ಏರಿಸಿದರು. ಗಾಳಿ ಚೆನ್ನಾಗಿತ್ತು. ಹಾಯಿ ಪಟಪಟ ಅಂದಿತು. ಮಂಜಿ ಒಂದಿಷ್ಟು ಅಲುಗಿತು, ಅಷ್ಟೇ. ವಾಸು ಬಯ್ಯಲಿಲ್ಲ. ಬಯ್ದಿದ್ದರೆ ಒಳ್ಳೆಯದಿತ್ತು.

"ಗಾಳಿ ಜಾರಿ ಹೋಗ್ತದೆ ಎಡ್ವಿನರೇ. ಹಾಯಿಗೆ ಹೊಟ್ಟೆ ಬೇಕು. ಇದಕ್ಕೆ ಹೊಟ್ಟೆಯೇ ಇಲ್ಲ."

"ತೋರಿಸಲಿಕ್ಕೆ ಅಲ್ವಾ ಇದು?"

"ಸರ್ವೆಯವರಿಗೆ ಸಾಕು. ಮಾಲೀಕರಿಗೂ ಸಾಕು. ಆದರೆ ಏಪ್ರಿಲ್‌ನಲ್ಲಿ ನಡುಕಡಲಲ್ಲಿ ಇಂಜಿನ್ ಕೆಟ್ಟಿತು. ಒಂದೂವರೆ ದಿನ ಹಳೆ ಹಾಯಿಯಲ್ಲೇ ಬಂದೆವು, ಒಂಬತ್ತು ಜನ. ದಡ ಕಾಣುವಾಗ ಅದೂ ಹರಿಯಿತು."

ಹೊಟ್ಟೆ! ಟಾರ್ಪಾಲಿಗೆ ಹೊಟ್ಟೆ ಬಂದರೆ ಗಿರಾಕಿ ಮುಖಕ್ಕೆ ಎಸೆದು ಹೋಗುತ್ತಾನೆ. ಹೊಟ್ಟೆ ಬಾರದಂತೆ ಹೊಲಿಯುವುದಕ್ಕೇ ನಾನು ಹತ್ತು ವರ್ಷ ಕಲಿತದ್ದು. ಬಸ್ಸಿನಲ್ಲಿ ಬರುವಾಗ ತಲೆಯಲ್ಲಿ ಅದೇ... ಒಂಬತ್ತು ಜನ.

ಆಗಸ್ಟ್ ೨೮, ಗುರುವಾರ
ಇಷ್ಟು ದಿನ ಬರೆಯಲಿಲ್ಲ. ಸಿಟ್ಟು. ಯಾರ ಮೇಲೆ ಎಂದು ಗ್ಲ್ಯಾಡಿಸ್ ಇವತ್ತು ಕೇಳಿದಳು. ಹೇಳಿದೆ. ಸೂಜಿ ಕೆಳಗಿಟ್ಟು ನಕ್ಕಳು.

"ಚಪ್ಪಟೆ ಬಟ್ಟೆಯನ್ನು ಉಬ್ಬಿಸುವುದು ನನ್ನ ದಿನದ ಕೆಲಸ ಅಲ್ವಾ ಮಾರಾಯ್ರೆ? ಬ್ಲೌಸಿಗೆ ಟಕ್ಸ್ ಹಿಡಿಯುವುದು ಮತ್ತೆಂತಕ್ಕೆ?"

ನನ್ನ ಹಳೆ ಲುಂಗಿ ಕತ್ತರಿಸಿ ತೋರಿಸಿದಳು. ಪಟ್ಟಿಯ ನಡುವೆ ಹೊಲಿಗೆ ಅಂಚಿನಲ್ಲೇ, ಎರಡೂ ತುದಿಗೆ ಬರುವಾಗ ಎರಡು ಬೆರಳು ಒಳಗೆ. ನಾಲ್ಕು ಪಟ್ಟಿ ಸೇರುವಷ್ಟರಲ್ಲಿ ಲುಂಗಿ ಬಟ್ಟಲಾಯಿತು. ಅದನ್ನು ತಿರುಗಿಸಿ ತಿರುಗಿಸಿ ನೋಡಿದೆ. ಆಮೇಲೆ, ದೊಡ್ಡ ಬಟ್ಟೆಗೆ ಎಷ್ಟು ಬೆರಳು ಎಂದು ಕೇಳಿದೆ. ನಾಚಿಕೆಯಾಯಿತು. ಖುಷಿಯೂ ಆಯಿತು, ಸುಳ್ಳು ಯಾಕೆ.

ಸೆಪ್ಟೆಂಬರ್ ೩, ಬುಧವಾರ
ವಾಪಸ್ ತಂದ ಹಾಯಿಯನ್ನು ಬಿಚ್ಚುವುದಕ್ಕೇ ಎರಡು ದಿನ ಹೋಯಿತು. ನನ್ನ ಹೊಲಿಗೆ ಅಷ್ಟು ಗಟ್ಟಿ, ಏನು ಮಾಡುವುದು. ಹಾಲ್‌ನಲ್ಲಿ ಅವಳು ಚಾಕ್ ಹಿಡಿದು ಗುರುತು ಹಾಕುತ್ತಾಳೆ, ನಾನು ಮೆಷಿನ್ ತುಳಿಯುತ್ತೇನೆ. ಮದುವೆಯಾದ ಮೇಲೆ ಇಬ್ಬರೂ ಒಂದೇ ಬಟ್ಟೆಯ ಮೇಲೆ ಕುಳಿತದ್ದು ಇದೇ ಮೊದಲು. "ನೇರ ಹೋಗ್ಬೇಡಿ, ನೇರ ಹೋಗ್ಬೇಡಿ" ಎಂದು ಗದರುತ್ತಾಳೆ. ಕೈ ಕೇಳುವುದಿಲ್ಲ.

ಸೆಪ್ಟೆಂಬರ್ ೮, ಮೊಂತಿ ಹಬ್ಬ
ಚರ್ಚಿನಿಂದ ಹೊಸ ತೆನೆ ಬಂತು. ಮೀನಿಲ್ಲದ ಊಟ. ವಾಸುವನ್ನೂ ಕರೆದಿದ್ದೆ. ಉಂಡರು. ಮುಗಿದ ಹಾಯಿಯ ಹೊಲಿಗೆಯನ್ನು ಬೆರಳಿನಿಂದ ಸವರಿದರು.

"ಗಾಳಿಯಲ್ಲಿ ನೋಡದೆ ಹೇಳ್ಲಿಕ್ಕೆ ಆಗುವುದಿಲ್ಲ. ಬುಧವಾರ ಸರ್ವೆ. ಶುಕ್ರವಾರ ಹೊರಡುವುದು. ಕಾಪುವಿನ ದೀಪಸ್ತಂಭದ ಹತ್ತಿರ ಇಂಜಿನ್ ನಿಲ್ಲಿಸಿ ಏರಿಸ್ತೇನೆ. ಸರಿ ಇಲ್ಲದಿದ್ದರೆ ವಾಪಸ್ ಮಲ್ಪೆಗೆ. ಮಾಲೀಕರು ಎಂತ ಬೇಕಾದರೂ ಹೇಳಲಿ."

ನನಗೆ ಪಾಯಸ ಸೇರಲಿಲ್ಲ.

ಸೆಪ್ಟೆಂಬರ್ ೧೨, ಶುಕ್ರವಾರ, ಬೆಳಿಗ್ಗೆ ೯:೪೦
ದೀಪಸ್ತಂಭದ ಕೆಳಗಿನ ಬಂಡೆ. ಅಂಗಡಿ ಬಂದ್. ಸರ್ವೆ ಪಾಸಾಗಿದೆಯಂತೆ, ಅದು ದೊಡ್ಡ ವಿಷಯವಲ್ಲ. ಗ್ಲ್ಯಾಡಿಸ್ ಚಕ್ಕುಲಿ ತಂದಿದ್ದಾಳೆ, ಪಿಕ್‌ನಿಕ್ ಅಂದುಕೊಂಡಿದ್ದಾಳೆ. ಸುಮ್ಮನೆ ಕೂರಲು ಆಗದೆ ಬರೆಯುತ್ತಿದ್ದೇನೆ.

೧೦:೨೫
ಬಂತು. ಹೊಗೆ ಕಾಣುತ್ತಿದೆ. ನಮ್ಮೆದುರು ದಾಟಿಯೇ ಹೋಯಿತು... ನಿಲ್ಲಿಸಲಿಲ್ಲ. ಮಾಲೀಕರು ಬೇಡ ಅಂದರೋ?

೧೦:೪೦
ಇಲ್ಲ, ಹೊಗೆ ನಿಂತಿತು. ಹಾಯಿ ಏರಿತು. ಪಟಪಟ ಹೊಡೆದುಕೊಳ್ಳುತ್ತಿದೆ, ಇಷ್ಟು ದೂರಕ್ಕೂ ಕಾಣುತ್ತದೆ. ದೇವರೇ. ಗ್ಲ್ಯಾಡಿಸ್ ನನ್ನ ತೋಳು ಹಿಡಿದಿದ್ದಾಳೆ, ಬರೆಯಲು ಕಷ್ಟ. "ತಡೆಯಿರಿ, ತಿರುಗಿಸ್ತಾರೆ ಈಗ" ಅನ್ನುತ್ತಾಳೆ. ತಿರುಗಿತು. ಪಟಪಟ ನಿಂತಿತು. ತುಂಬುತ್ತಿದೆ — ದುಂಡಗೆ, ಪೂರ್ತಿ ದುಂಡಗೆ — ಮಂಜಿ ವಾಲಿತು, ಹೊರಟಿತು. ಮಲ್ಪೆಗಲ್ಲ! ಮಂಗಳೂರಿನ ಕಡೆಗೇ. ಫೋನ್ ಬಂತು, ವಾಸು. ಗ್ಲ್ಯಾಡಿಸ್ ತೆಗೆದಳು. ನನ್ನ ಕಿವಿಗೆ ಹಿಡಿದಳು. ಇಂಜಿನ್ ಸದ್ದಿಲ್ಲ. ಬರೀ ಗಾಳಿ, ಅದರೊಳಗೆ ಹಡಗಿನವರೆಲ್ಲ ಒಟ್ಟಿಗೆ ಖುಷಿಯ ಬೊಬ್ಬೆ ಹಾಕುತ್ತಿ—