ಅಡುಗೆಮನೆಯ ಮೇಲಿನ ಕೋಣೆ

ಶಾಂಘೈ
೧೯೭೯ ಏಪ್ರಿಲ್ ೮, ಭಾನುವಾರ

ಪ್ರೀತಿಯ ಅಕ್ಕ,

ಚಳಿಗೆ ಒಡೆದಿದ್ದ ನಿನ್ನ ಬೆರಳುಗಳು ಈಗ ಹೇಗಿವೆ? ಚಿಪ್ಪಿನಲ್ಲಿ ತುಂಬಿ ಮಾರುವ ಮುಲಾಮನ್ನು ಹೊಸ ವರ್ಷದ ಮೊದಲೇ ನಾಲ್ಕು ಕಳಿಸಿದ್ದೆ, ತಲುಪಿತೋ ಇಲ್ಲವೋ ನೀನು ಬರೆಯಲಿಲ್ಲ. ಹೆಯ್‌ಲಾಂಗ್‌ಜಿಯಾಂಗ್‌ನಲ್ಲಿ ಇನ್ನೂ ಹಿಮ ಕರಗಿಲ್ಲ ಎಂದು ಹಿಂಗೋಣೆಯ ಲೂ ಮೇಸ್ತ್ರಿ ರೇಡಿಯೋ ಕೇಳಿ ಹೇಳಿದರು. ಇಲ್ಲಿ ನಾವು ಹತ್ತಿ ತುಂಬಿದ ದಪ್ಪ ಅಂಗಿ ತೆಗೆದಿಟ್ಟು ವಾರವಾಯಿತು. ಅಮ್ಮನ ಕೆಮ್ಮು ಕಡಿಮೆಯಾಗಿದೆ, ಮೊಣಕಾಲು ಮಾತ್ರ ಹಾಗೆಯೇ ಇದೆ. ಇದೇ ತಿಂಗಳ ಕೊನೆಗೆ ಅವಳಿಗೆ ಐವತ್ತು ತುಂಬುತ್ತದೆ, ಕಾಲುಚೀಲದ ಕಾರ್ಖಾನೆ ಬಿಡುತ್ತಾಳೆ. ನನ್ನ ಕಾಲು ಹೇಗಿತ್ತೋ ಹಾಗಿದೆ, ಅದರ ಬಗ್ಗೆ ಕೇಳಬೇಡ. ಗಲ್ಲಿಯ ಕೊನೆಯ ಕೆಲಸದ ಮನೆಯಲ್ಲಿ ಈಗಲೂ ರಟ್ಟಿನ ಪೆಟ್ಟಿಗೆ ಅಂಟಿಸುತ್ತೇನೆ. ಅಕ್ಷರ ಕೆಟ್ಟದಾಗಿದ್ದರೆ ನಗಬೇಡ, ಪ್ರೈಮರಿ ಮುಗಿಸಿದ ಮೇಲೆ ನಾನು ಬರೆದದ್ದೆಲ್ಲ ನಿನಗೆ ಬರೆದದ್ದೇ.

ನಮ್ಮ ಮನೆಬಾಗಿಲಿನ ಕಲ್ಲಿನ ಚೌಕಟ್ಟಿನ ಮೇಲೆ, ಆ ಪರದೇಶದ ಹೂಬಳ್ಳಿಯ ಕೆತ್ತನೆಯ ನಡುವೆ, ನೀನು ಹೈಸ್ಕೂಲಿಗೆ ಹೋಗುವಾಗ ಹಳೆಯ ಬರಹ ಕಾಣಬಾರದೆಂದು ಗಾರೆ ಮೆತ್ತಿದ್ದರಲ್ಲ, ಅದು ಈ ಚಳಿಗಾಲದಲ್ಲಿ ಉದುರಿ ಬಿತ್ತು. ಒಳಗೆ ನಾಲ್ಕು ಅಕ್ಷರ ಇವೆ. ಮೂರು ಓದಲು ಬಂತು, ನಾಲ್ಕನೆಯದು ಬರಲಿಲ್ಲ. ಯಾರನ್ನಾದರೂ ಕೇಳಬಹುದಿತ್ತು, ಕೇಳಲಿಲ್ಲ. ಕರಿ ಬಾಗಿಲು ತಟ್ಟುವ ಎರಡು ಬಳೆಗಳಲ್ಲಿ ಒಂದು ಇನ್ನೂ ಇದೆ. ಒಳಗಿನ ಅಂಗಳದಲ್ಲಿ ಈಗ ಮೂರು ಸೈಕಲ್ಲು, ಒಂದು ಕೋಳಿಗೂಡು. ಯಾವುದೋ ಒಬ್ಬ ಸಾಹುಕಾರನ ಕುಟುಂಬಕ್ಕೆಂದು ಕಟ್ಟಿದ ಮನೆಯಲ್ಲಿ ಈಗ ನಾವು ಎಂಟು ಮನೆಯವರು. ಓದಿದ ಹುಡುಗರನ್ನೆಲ್ಲ ಉತ್ತರದ ಹೊಲಗಳಿಗೆ ಕಳಿಸಿದ ವರ್ಷ ನೀನು ಹೋದಾಗ ಏಳಿದ್ದೆವು.

ಎಂಟು ಮನೆಯೆಂದರೆ ಎಲ್ಲರಿಗೂ ಸೇರಿದ ಒಂದೇ ಅಡುಗೆಮನೆಯಲ್ಲಿ ಎಂಟು ಬಲ್ಬು, ಅವರವರ ಕರೆಂಟಿನ ಲೆಕ್ಕ ಅವರವರಿಗೆ. ಹೋದ ತಿಂಗಳು ನಾನೊಂದು ತಪ್ಪು ಮಾಡಿದೆ. ನಮ್ಮ ಬಲ್ಬು ಹಾಕಲು ಮರೆತು ಮಹಡಿಯ ಮುಂಗೋಣೆಯ ಝೌ ಚಿಕ್ಕಮ್ಮನ ಬಲ್ಬಿನ ಕೆಳಗೆ ನಿಂತು ಸೊಪ್ಪು ಸೋಸಿಬಿಟ್ಟೆ. ಅವರು ತಮ್ಮ ಕೋಣೆಗೆ ಹೋಗಿ ಸ್ವಿಚ್ ಆರಿಸಿದರು. ಕತ್ತಲಲ್ಲಿ ನಾನು ಸೊಪ್ಪು ಹಿಡಿದು ನಿಂತಿದ್ದಾಗ ಮೇಲಿನಿಂದ, ನಮ್ಮ ಬೆಳಕಲ್ಲಿ ಸೋಸಿದ ಸೊಪ್ಪು ಬಾಯಿಗೆ ಬಹಳ ರುಚಿಯಾಗಿರಬೇಕು ಎಂದರು. ನೀನಿದ್ದಿದ್ದರೆ ಅಲ್ಲೇ ತಿರುಗಿಸಿ ಕೊಡುತ್ತಿದ್ದೆ. ನಾನು ಎರಡು ದಿನ ಅವರ ಎದುರು ಬೀಳದಂತೆ ಓಡಾಡಿದೆ.

ನೀನು ಹೋದ ಮೇಲೆ ನನಗೆ ಒಂದು ಅಭ್ಯಾಸ ಆಗಿದೆ, ಯಾರಿಗೂ ಹೇಳಿಲ್ಲ. ನಮ್ಮ ಕೋಣೆ ಅಡುಗೆಮನೆಯ ನೆತ್ತಿಯ ಮೇಲೇ ಇದೆಯಲ್ಲ, ಮಂಚದ ಕಾಲಿನ ಹತ್ತಿರ ಹಲಗೆ ಸೀಳಿದ ಕಡೆ ಬೆಳಕು ಮೇಲೆ ಬರುತ್ತದೆ. ಅಮ್ಮ ಪಾಳಿಗೆ ಹೋದಾಗ ನಾನು ಅಲ್ಲಿ ಕಿವಿಯಿಟ್ಟು ಮಲಗುತ್ತೇನೆ. ಯಾರ ಮನೆಯಲ್ಲಿ ಮೀನು ಹುರಿದರು, ಯಾರ ಮಗ ಯಾವ ಹುಡುಗಿಯ ಜತೆ ಸಿನಿಮಾಕ್ಕೆ ಹೋದ, ಎಲ್ಲ ಗೊತ್ತು. ಅವರು ನಕ್ಕರೆ ನಾನೂ ಮೇಲೆ ನಗುತ್ತೇನೆ, ಸದ್ದಾಗದ ಹಾಗೆ. ಕೆಳಗಿಳಿದು ಹೋದರೆ ಮಾತು ನಿಲ್ಲುತ್ತದೆ, ಹುಷಾರು, ಮೆಟ್ಟಿಲು ಹುಷಾರು ಎನ್ನುತ್ತಾರೆ. ಮನೆ ತುಂಬ ಜನ, ಅಕ್ಕ. ದಿನಕ್ಕೆ ನಾನು ಆಡುವ ಮಾತನ್ನು ಒಂದು ಕೈಯ ಬೆರಳಲ್ಲಿ ಎಣಿಸಬಹುದು.

ಈಗ ಗುರುವಾರದ ವಿಷಯ ಬರೆಯುತ್ತೇನೆ. ಅಂದು ಹಿರಿಯರ ಸಮಾಧಿಗೆ ಹೋಗುವ ಹಬ್ಬ. ಅಪ್ಪನ ಸಮಾಧಿಗೆ ಸೂಝೌವರೆಗೆ ಹೋಗಲು ಅಮ್ಮನಿಗೆ ರಜೆ ಸಿಗಲಿಲ್ಲ. ನಾನು ಮಾಳಿಗೆಯಲ್ಲಿ ರಜಾಯಿ ಒಣಹಾಕುತ್ತಿದ್ದೆ. ಗಲ್ಲಿಯ ಬಾಯಲ್ಲಿ ಟೆಲಿಫೋನು ನೋಡಿಕೊಳ್ಳುವ ನಿಂಗ್ಬೋ ಊರಿನ ಅಜ್ಜಿ ಕೆಳಗಿನಿಂದ ಕೂಗಿದರು, ಹದಿನೇಳನೇ ನಂಬರಿನ ಶೆನ್ ಹುಡುಗಿ, ಹೆಯ್‌ಲಾಂಗ್‌ಜಿಯಾಂಗ್‌ನಿಂದ ಟೆಲಿಫೋನು ಎಂದು. ಗಲ್ಲಿಯ ಎರಡೂ ಕಡೆ ಕಿಟಕಿಗಳು ತೆರೆದವು. ನಾನು ಗೋಡೆ ಹಿಡಿದು ಇಳಿದು, ಆ ಉದ್ದ ಗಲ್ಲಿ ದಾಟಿ ಹೋಗುವಷ್ಟರಲ್ಲಿ ಲೈನು ಕಡಿದಿತ್ತು. ಅಜ್ಜಿ ಚೀಟಿಯಲ್ಲಿ ಏನೋ ಬರೆದುಕೊಂಡಿದ್ದರು. ಕೇಳಿದರೆ, ಇದು ನಿಮ್ಮಮ್ಮನಿಗೆ, ನಿನಗಲ್ಲ ಎಂದು ಜೇಬಿಗಿಟ್ಟುಕೊಂಡರು.

ಸಂಜೆ ಅಮ್ಮ ಬಂದು ಇನ್ನೂ ಕೈಚೀಲ ಇಳಿಸಿರಲಿಲ್ಲ. ಅಡುಗೆಮನೆಯಲ್ಲಿ ನಮ್ಮ ಬಲ್ಬಿನ ಕೆಳಗೇ ಅಜ್ಜಿ ಚೀಟಿ ಓದಿ ಹೇಳಿದರು. ನಾನು ಮೇಲೆ ಸೀಳಿನ ಹತ್ತಿರ ಇದ್ದೆ.

“ಕೋಣೇಲಿ ಮಲಗೋಕೆ ಜಾಗ ಇದ್ಯಾ ಅಂತ ಕೇಳ್ತಾಳೆ ನಿನ್ನ ದೊಡ್ಡವಳು. ಇಲ್ಲಾಂದ್ರೆ ಮೇ ಒಂದಕ್ಕೆ ಅಲ್ಲೇ ಮದ್ವೆಯಂತೆ. ಶನಿವಾರ ಮತ್ತೆ ಫೋನ್ ಮಾಡ್ತಾಳಂತೆ. ಏನ್ ಹೇಳ್ಲಿ?”

ಯಾರದೋ ಬಾಣಲೆಯ ಸದ್ದು ನಿಂತಿತು. ಆಮೇಲೆ ಅಮ್ಮ, ಜಾಗ ಇಲ್ಲ ಅನ್ನಿ ಎಂದಳು. ಝೌ ಚಿಕ್ಕಮ್ಮ ಏನೋ ಕೇಳಿದರು, ಅದು ನನಗೆ ಕೇಳಿಸಲಿಲ್ಲ. ಅಮ್ಮ ಹೇಳಿದ್ದು ಕೇಳಿಸಿತು.

“ದೊಡ್ಡವಳಿಗೆ ಎರಡು ಕಾಲಿದೆ, ಎಲ್ಲಿ ಬಿಟ್ರೂ ನಿಲ್ತಾಳೆ. ಚಿಕ್ಕವಳನ್ನ ನಾನು ಹೋದ್ಮೇಲೆ ಯಾರು ನಿಲ್ಲಿಸ್ತಾರೆ?”

ನೀನು ಅಮ್ಮನ ಮೇಲೆ ಕೋಪ ಮಾಡಿಕೊಳ್ಳಬೇಡ ಎಂದೇ ಈ ಮಾತನ್ನು ಇದ್ದಹಾಗೆ ಬರೆದಿದ್ದೇನೆ. ಅಮ್ಮ ಕಾರ್ಖಾನೆ ಬಿಟ್ಟರೆ ಅವಳ ಜಾಗಕ್ಕೆ ಮಕ್ಕಳಲ್ಲಿ ಒಬ್ಬರನ್ನು ತೆಗೆದುಕೊಳ್ಳುತ್ತಾರೆ, ಒಬ್ಬರನ್ನು ಮಾತ್ರ. ನೀನು ಅದಕ್ಕೆ ಬಂದರೆ ನಿನ್ನ ಹೆಸರು ಮತ್ತೆ ಈ ಊರಿನ ನಿವಾಸಿಗಳ ಪುಸ್ತಕಕ್ಕೆ ಸೇರುತ್ತದೆ. ಅಲ್ಲಿ ಮದುವೆಯಾದರೆ ಸೇರುವುದಿಲ್ಲ. ಇದು ನಿನಗೆ ನನಗಿಂತ ಚೆನ್ನಾಗಿ ಗೊತ್ತು, ಅದಕ್ಕೇ ಟೆಲಿಫೋನು ಮಾಡಿದ್ದೆ. ಆದರೆ ಆ ಕಾರ್ಖಾನೆಯ ಕಾಗದ ಅಮ್ಮನ ದಿಂಬಿನ ಕೆಳಗೆ ಹತ್ತು ದಿನದಿಂದ ಇದೆ. ಹೆಸರಿನ ಜಾಗ ಖಾಲಿ. ಅಮ್ಮನಿಗೆ ಬರೆಯಲು ಬರುವುದಿಲ್ಲವಲ್ಲ, ನನ್ನ ಕೈಯಲ್ಲಿ ನನ್ನ ಹೆಸರು ಬರೆಸಬೇಕೆಂದು ಇಟ್ಟಿದ್ದಾಳೆ. ನಾಳೆ ಸೋಮವಾರ ಕೊಡಲು ಕೊನೆಯ ದಿನ. ಇವತ್ತು ಬರೆಯುತ್ತೇನೆ, ನಾಳೆ ಬರೆಯುತ್ತೇನೆ ಎಂದು ನಾನು ದೂಡುತ್ತ ಬಂದೆ.

ಗುರುವಾರ ಅಮ್ಮ ಮೇಲೆ ಬಂದು ಕೈಚೀಲದಿಂದ ಹಬ್ಬದ ಹಸಿರು ಕಡುಬು ತೆಗೆದಳು. ನಾಲ್ಕಿದ್ದವು. ಒಂದು ಅಪ್ಪನ ಪಟದ ಮುಂದೆ ಇಟ್ಟಳು, ಒಂದು ನನಗೆ, ಒಂದು ತನಗೆ. ನಾಲ್ಕನೆಯದಕ್ಕೆ ಬಟ್ಟಲು ಮುಚ್ಚಿದಳು.

ನಿನ್ನೆ ಶನಿವಾರ ನೀನು ಟೆಲಿಫೋನು ಮಾಡಿದಾಗ ನಾನು ಅಲ್ಲೇ ಇದ್ದೆ, ಅಕ್ಕ. ಇದನ್ನು ಬರೆಯಲು ಎರಡು ಹಾಳೆ ಹರಿದೆ. ಮಧ್ಯಾಹ್ನದಿಂದ ಗಲ್ಲಿಯ ಬಾಯಲ್ಲಿ, ಅಕ್ಕಿ ಕೊಳ್ಳಲು ಬಂದವಳ ಹಾಗೆ ಚೀಲ ಹಿಡಿದು ನಿಂತಿದ್ದೆ. ಗಂಟೆ ಹೊಡೆಯಿತು. ಅಜ್ಜಿ ಎತ್ತಿಕೊಂಡು, ಜಾಗ ಇಲ್ವಂತೆ ಕಣಮ್ಮ ಎಂದರು. ಎರಡು ಹೆಜ್ಜೆ ಮುಂದೆ ಹೋಗಿ ಕೈಚಾಚಿದ್ದರೆ ಸಾಕಿತ್ತು. ಆದರೆ ಅಲ್ಲಿ ಆರು ಜನ ಸಾಲಿನಲ್ಲಿದ್ದರು, ಎಲ್ಲರೂ ನೋಡುತ್ತಿದ್ದರು. ನಾನು ಖಾಲಿ ಚೀಲ ಮಡಚುತ್ತ ನಿಂತೆ. ನೀನು ಏನೋ ಹೇಳಿದೆ, ಅಜ್ಜಿ ಹೂಂ ಹೂಂ ಎಂದು ಇಟ್ಟರು. ಏನು ಹೇಳಿದಳೆಂದು ಕೇಳಲು ಮತ್ತೂ ಹೊತ್ತು ಬೇಕಾಯಿತು. ಸರಿ ಅಂದ್ಲು, ಅಷ್ಟೇ ಎಂದರು ಅಜ್ಜಿ.

ಸರಿ ಎಂದೆಯಂತೆ. ಆ ಮಾತು ಹೊತ್ತುಕೊಂಡು ನಾನು ಮನೆಗೆ ಬಂದೆ. ನಮ್ಮ ಕತ್ತಲೆ ಮೆಟ್ಟಿಲಿನ ಕೆಳಗೆ ನಿಂತಾಗ ನನಗೆ ನಿನ್ನ ಬೆನ್ನು ನೆನಪಾಯಿತು. ಶಾಲೆ ಬಿಟ್ಟ ಮೇಲೆ ನನ್ನನ್ನು ಬೆನ್ನಿಗೆ ಹಾಕಿಕೊಂಡು ಒಂದು, ಎರಡು, ಮೂರು ಎಂದು ಗಟ್ಟಿಯಾಗಿ ಎಣಿಸುತ್ತ ಹತ್ತುತ್ತಿದ್ದೆ. ಹದಿನಾಲ್ಕಕ್ಕೆ ನಮ್ಮ ಬಾಗಿಲು. ಇದ್ದಿಲ ಚೂರಿನಿಂದ ಆ ಗೋಡೆಯ ಮೇಲೆ ಅಕ್ಷರ ಬರೆಸುತ್ತಿದ್ದೆ. ನಾನು ಮೊದಲು ಬರೆಯಲು ಕಲಿತದ್ದು ನನ್ನ ಹೆಸರಲ್ಲ, ನಿನ್ನದು. ನಾನು ಹತ್ತು ವರ್ಷದವಳಿದ್ದಾಗ ನೀನು ಹೋದೆ. ಆಮೇಲೆ ನಾನೇ ಎಣಿಸಿಕೊಂಡು ಹತ್ತಿದೆ.

ಜಾಗ ಇಲ್ಲವೆಂದು ಅಮ್ಮ ಸುಳ್ಳು ಹೇಳಲಿಲ್ಲ. ನಿನ್ನ ಹಲಗೆಮಂಚ ಇದ್ದ ಕಡೆ ಈಗ ಐದು ಖಾನೆಯ ಬೀರು ನಿಂತಿದೆ. ಹೋದ ವರ್ಷ ತಂದದ್ದು, ನನ್ನ ಮದುವೆಗೆಂದು. ಕುಂಟುವ ಹುಡುಗಿಯನ್ನು ನೋಡಲು ಬಂದವರು ಮೊದಲು ಬೀರು ನೋಡಲಿ ಎಂದು ಅಮ್ಮನ ಲೆಕ್ಕಾಚಾರ. ಇಬ್ಬರು ಬಂದು ನೋಡಿದರು, ಬೀರು ಚೆನ್ನಾಗಿದೆ ಎಂದು ಹೇಳಿ ಹೋದರು. ನಾನು ದಾರದಿಂದ ಅಳೆದೆ. ಬೀರು ಹೊರಗೆ ಹೋದರೆ ನಿನ್ನ ಮಂಚ ಒಳಗೆ ಬರುತ್ತದೆ. ಹೊರಗೆಂದರೆ ಮೆಟ್ಟಿಲು ತಿರುಗುವ ಕಟ್ಟೆ. ಅಲ್ಲಿ ಝೌ ಚಿಕ್ಕಮ್ಮನ ಒಲೆಯ ಇದ್ದಿಲ ಬಿಲ್ಲೆಗಳ ರಾಶಿ, ಎಂಟು ವರ್ಷದಿಂದ. ಈ ಮನೆಯಲ್ಲಿ ಒಬ್ಬರ ಹತ್ತಿರ ಜಾಗ ಕೇಳುವುದೆಂದರೆ ಏನೆಂದು ನಿನಗೆ ಬೇರೆ ಹೇಳಬೇಕೇ.

ಹೋದೆ. ಅವರ ಬಾಗಿಲಲ್ಲಿ ನಿಂತು, ನಮ್ಮಕ್ಕ ಬರಬೇಕು, ಕಟ್ಟೆಯಲ್ಲಿ ಒಂದು ಬೀರಿನಷ್ಟು ಜಾಗ ಬೇಕು ಎಂದೆ. ಒಂದೇ ಉಸಿರಿನಲ್ಲಿ. ಅವರು ಉಗುರು ಕತ್ತರಿಸುತ್ತಿದ್ದರು, ತಲೆ ಎತ್ತಲಿಲ್ಲ. ನಿನಗೆ ಬಾಯಿದೆ ಅಂತ ಇವತ್ತೇ ಗೊತ್ತಾಯ್ತು ಎಂದರು. ಬಿಲ್ಲೆ ಎಲ್ಲಿಡಲಿ, ನಿಮ್ಮಮ್ಮನ ತಲೆ ಮೇಲಾ ಎಂದರು. ನಾನು ಹೋಗಲಿಲ್ಲ, ನಿಂತೇ ಇದ್ದೆ. ಕೊನೆಗೆ ಕತ್ತರಿ ಕೆಳಗಿಟ್ಟರು.

“ನಿಮ್ಮಕ್ಕ ಇದ್ದಾಗ ಜಗಳ ಆಡೋಕೆ ಒಬ್ಳಿದ್ಲು. ನೀನು ಬೈದ್ರೆ ಅಳ್ತೀಯ, ಅದ್ರಲ್ಲೇನು ಸುಖ? ಇಟ್ಕೋ ಹೋಗು. ಬೀರಿನಗಲಕ್ಕಿಂತ ಮೂರು ಬೆರಳು ಆಚೆ ಬಂದ್ರೆ ಇನ್ನೊಂದು ಕಾಲೂ ಕುಂಟೋ ಹಂಗೆ ಮಾಡ್ತೀನಿ.”

ನಾನು ನಕ್ಕುಬಿಟ್ಟೆ, ಅಕ್ಕ, ಅವರ ಎದುರಿಗೇ, ಸದ್ದಾಗುವ ಹಾಗೆ. ಅವರಿಗೂ ಆಶ್ಚರ್ಯವಾಯಿತು.

ಇವತ್ತು ಅಮ್ಮನಿಗೆ ಬೆಳಗಿನ ಪಾಳಿ. ಹಿಂಗೋಣೆಯ ಲೂ ಮೇಸ್ತ್ರಿ ಖಾನೆಗಳನ್ನೆಲ್ಲ ಕಳಚಿ ಬೀರನ್ನು ಹೊರಗೆ ದಾಟಿಸಿದರು. ಚೌಕಟ್ಟಿಗೆ ಸ್ವಲ್ಪ ತರಚಿತು. ನಿನ್ನ ಹಲಗೆ ಮಾಳಿಗೆಯಲ್ಲಿ ಬಿಸಿಲಿಗೆ ಬಾಗಿದೆ, ಒಂದು ಮೂಲೆಗೆ ಇಟ್ಟಿಗೆ ಕೊಟ್ಟಿದ್ದೇನೆ. ಅದರ ಮೇಲೆ ಹಳೆ ನೀಲಿ ಹೂವಿನ ರಜಾಯಿ ಹಾಸಿ, ಮಲಗಿ ನೋಡಿದೆ. ಸೀಳು ಈಗ ನಿನ್ನ ತಲೆಯ ಹತ್ತಿರ ಬರುತ್ತದೆ, ಕೇಳಿಸಿದ್ದನ್ನು ನನಗೂ ಹೇಳಬೇಕು. ಅಮ್ಮ ಬರುವ ಹೊತ್ತಾಯಿತು. ಬೀರು ಹೊರಗೆ ನೋಡಿ ಏನೆನ್ನುತ್ತಾಳೋ ಗೊತ್ತಿಲ್ಲ. ಏನೇ ಅಂದರೂ ಈ ಕಾಗದ ಇವತ್ತೇ ಟಪಾಲಿಗೆ ಹೋಗಬೇಕು.

ಅಲ್ಲಿ ನೀನು ಮದುವೆಯಾಗಬೇಕೆಂದಿರುವ ಅವರು ಒಳ್ಳೆಯವರೇ ಇರಬಹುದು. ನಿನಗೆ ಅವರು ಬೇಕೆಂದರೆ ಬೇಕು ಎಂದೇ ಆಗು, ನಾನು ಸಂತೋಷಪಡುತ್ತೇನೆ. ಒಂದು ಹಲಗೆಗೆ ಜಾಗವಿಲ್ಲವೆಂದು ಮಾತ್ರ ಆಗಬೇಡ. ಲೂ ಮೇಸ್ತ್ರಿ ನಿನ್ನನ್ನು ಕೇಳಿದರೆಂದು ಬರೆಯಲು ಹೇಳಿದ್ದಾರೆ. ಝೌ ಚಿಕ್ಕಮ್ಮ ಹೇಳಿಲ್ಲ, ಆದರೂ ಬರೆಯುತ್ತಿದ್ದೇನೆ. ಬೆರಳಿಗೆ ಮುಲಾಮು ಹಚ್ಚಿಕೋ.

ನಿನ್ನ ಬೆನ್ನ ಮೇಲೆ ಬೆಳೆದ ತಂಗಿ,
ಲಿಂದಿ

ಇನ್ನೊಂದು ಮಾತು, ಅವಸರದಲ್ಲಿ ಬರೆಯುತ್ತಿದ್ದೇನೆ: ಅಮ್ಮ ಬಂದಳು. ಕತ್ತಲಲ್ಲಿ ಬೀರಿಗೆ ಸೊಂಟ ತಾಗಿತು, ಸ್ವಲ್ಪ ಹೊತ್ತು ಅಲ್ಲೇ ನಿಂತಳು. ಒಳಗೆ ಬಂದು ನಿನ್ನ ಹಲಗೆ ನೋಡಿದಳು. ಕೈ ತೊಳೆದು, ದಿಂಬಿನ ಕೆಳಗಿನ ಕಾಗದ, ತನ್ನ ಮೊಹರು, ಕೆಂಪು ಮಸಿ ಎಲ್ಲ ಮೇಜಿನ ಮೇಲಿಟ್ಟು, ಬರಿ ಎಂದಳು. ನಾನು ಶೆನ್ ಪೇಜುನ್ ಎಂದು ಬರೆದೆ. ಅಮ್ಮನಿಗೆ ಓದಲು ಬರುವುದಿಲ್ಲ ಎಂಬ ಒಂದೇ ಧೈರ್ಯ. ಅವಳು ಕಾಗದವನ್ನು ದೂರ ಹಿಡಿದು ಮಸಿ ಒಣಗುವವರೆಗೆ ನೋಡಿದಳು. ಆಗ ನನಗೆ ಹೊಳೆಯಿತು, ಅವಳ ಕೈಕೆಳಗೆ ಮೇಜಿನ ಗಾಜಿನಡಿಯಲ್ಲಿ ನಿನ್ನ ಲಕೋಟೆಗಳಿವೆ. ಒಂದೊಂದರ ಮೂಲೆಯಲ್ಲೂ ಅದೇ ಹೆಸರು, ಒಂಬತ್ತು ವರ್ಷದ್ದು. ಅಮ್ಮ ಮೊಹರಿಗೆ ಬಾಯಿಂದ ಆವಿ ಹಾಕಿ, ನಿನ್ನ ಹೆಸರಿನ ಪಕ್ಕದಲ್ಲಿ ನೆಟ್ಟಗೆ ಒತ್ತಿದಳು. ಬೀರು ಹೊರಗಿಟ್ಟಿದ್ದೀಯಲ್ಲ, ಇಲಿ ಬರಲ್ವಾ ಎಂದಳು, ಅಷ್ಟೇ. ನಾಳೆ ಅವಳೇ ಕೊಡುತ್ತಾಳಂತೆ. ಮದುವೆಯ ಪುಸ್ತಕಕ್ಕೆ ಸಹಿ ಹಾಕುವ ಮೊದಲು ಇದನ್ನು ಓದು. ಲೂ ಮೇಸ್ತ್ರಿ ಟಪಾಲಿಗೆ ಹಾಕಲು ಬಾಗಿಲಲ್ಲಿ ಕಾಯುತ್ತಿದ್ದಾರೆ. ಮೆಟ್ಟಿಲಿಗೆ ಈಗಲೂ ಬೆಳಕಿಲ್ಲ, ಒಂಬತ್ತನೆಯದು ಸಡಿಲವಾಗಿದೆ. ಗಟ್ಟಿಯಾಗಿ ಎಣಿಸಿಕೊಂಡು ಬಾ, ನಮಗೆ ಕೇಳಿಸುತ್ತದೆ.