ಸದ್ದಿಲ್ಲದ ಗೂಳಿ

ಉತ್ರೇರಾ,
೧೯೦೪ ಆಗಸ್ಟ್ ೨೩

ಮುದ್ದಿನ ಲೆಯಾಂದ್ರೊ,

ಕೆಮ್ಮು ಹೇಗಿದೆ? ಕಾದಿಸ್ ಬಂದರಿನ ಗಾಳಿಯನ್ನು ನಂಬಬೇಡ, ಎದೆಗೆ ಬಟ್ಟೆ ಸುತ್ತಿಕೊ. ನಾನು ಗುಂಡುಕಲ್ಲಿನ ಹಾಗಿದ್ದೇನೆ. ನಿನ್ನಮ್ಮ ಮಾತ್ರ ಸರಿಯಾಗಿ ಊಟ ಮಾಡುತ್ತಿಲ್ಲ.

ಹೋದ ತಿಂಗಳು ಬಾರ್ಸಿಲೋನಾದವನೊಬ್ಬ ಮೂರುಕಾಲಿನ ಪೆಟ್ಟಿಗೆ ಹೊತ್ತು ನಮ್ಮೂರ ಕಣಕ್ಕೆ ಬಂದು, ಕಾಫಿಬೀಜ ಅರೆಯುವವನಂತೆ ಹಿಡಿ ತಿರುಗಿಸುತ್ತ, ನಿನ್ನಪ್ಪನ ಗೂಳಿಕಾಳಗವನ್ನು ಓಡಾಡುವ ಚಿತ್ರವಾಗಿ ತೆಗೆದುಕೊಂಡು ಹೋಗಿದ್ದ. "ನನ್ನ ಎಡಗೆನ್ನೆ ಚೆಂದ, ಆ ಕಡೆಯಿಂದ ತೆಗಿ" ಎಂದು, ನಿನ್ನಪ್ಪನ ಜೊತೆ ಕಣದಲ್ಲಿ ಬಟ್ಟೆ ಬೀಸುವ ನಾನು ಅವನಿಗೆ ಹೇಳಿದ್ದೆ. "ಅದನ್ನ ಗೂಳಿಗೆ ಹೇಳಯ್ಯ, ನಿನ್ನನ್ನ ತಿರುಗಿಸೋದು ಅದು" ಎಂದಿದ್ದ. ಮೊನ್ನೆ ಎಣ್ಣೆ ಗೋದಾಮಿನಲ್ಲಿ ಆ ಚಿತ್ರ ತೋರಿಸಿದ. ಊರಿಗೆ ಊರೇ ಬಂದಿತ್ತು. ಸುಳ್ಳೇಕೆ ಹೇಳಲಿ, ಗೂಳಿಗಿಂತ ನನ್ನನ್ನೇ ಹೆಚ್ಚು ನೋಡಿದರು.

ನಿನ್ನಮ್ಮ, ನಮ್ಮ ಅತ್ತಿಗೆಯೂ ಬಂದಿದ್ದಳು. ಕಾಳಗದವನ ಹೆಂಡತಿ ಕಣಕ್ಕೆ ಕಾಲಿಡಬಾರದೆಂದು ಮದುವೆಯಾದಂದಿನಿಂದ ದೇವಮಾತೆಯ ಪಟದ ಮುಂದೆ ದೀಪ ಹಚ್ಚಿ ಕೂತವಳು. ತಡೆಯಲು ಹೋದರೆ, "ಅದು ಕಣವೇನಲ್ಲ, ಗೋಡೆಗೆ ಕಟ್ಟಿದ ದುಪ್ಪಟಿ. ದುಪ್ಪಟಿ ನೋಡೋಕೆ ಯಾವ ಶಾಸ್ತ್ರ ಅಡ್ಡ ಬರುತ್ತೆ?" ಎಂದು ನನ್ನ ಬಾಯಿ ಮುಚ್ಚಿಸಿದಳು. ಕಣದಲ್ಲಾದರೆ ವಾದ್ಯ, ಕೇಕೆ, ಧೂಳು. ದುಪ್ಪಟಿಯ ಮೇಲೆ ಮನುಷ್ಯ, ಗೂಳಿ, ಹಿಂದೆ ಯಂತ್ರದ ಕಟಕಟ, ಅಷ್ಟೇ. ಗೂಳಿ ನುಗ್ಗಿದಾಗ ನಿನ್ನಪ್ಪನ ಬಲಗಾಲು ಹಿಂದೆಯೇ ಉಳಿಯಿತು. ಕೊಂಬು ಹೊಟ್ಟೆಯ ಮೇಲಿನ ಅಂಗಿಯ ಜರಿಯನ್ನು ಸವರಿಕೊಂಡು ಹೋಯಿತು. ಚಿತ್ರದ ನಾನು ಅಡ್ಡ ಬಂದು ಬಟ್ಟೆ ಬೀಸಿ ಗೂಳಿಯನ್ನು ನನ್ನತ್ತ ಸೆಳೆದೆ. ಜನ ಚಪ್ಪಾಳೆ ತಟ್ಟಿದರು. ಅತ್ತಿಗೆ ಮೆಲ್ಲಗೆ, "ಅವರ ಕಾಲು ಏಳ್ತಾ ಇಲ್ಲ, ಫುಲ್ಹೆನ್ಸಿಯೋ. ನಿನಗೆ ಗೊತ್ತಿತ್ತು" ಎಂದಳು. ನಾನು ಟೊಪ್ಪಿ ಹುಡುಕುವ ನೆಪ ಮಾಡಿದೆ.

ಮನೆಯಲ್ಲಿ ಅವಳು ಕೇಳಿದರೆ ಅಣ್ಣ, "ಕುಂಟೋದು ಆ ಪೆಟ್ಟಿಗೆ, ನಾನಲ್ಲ" ಎಂದ. ಭಾನುವಾರ ಸೆವಿಯಾದ ದೊಡ್ಡ ಕಣದಲ್ಲಿ ಇಳಿಯುತ್ತಾನಂತೆ. "ತಲೆ ಮೇಲೆ ಜುಟ್ಟು ಇರೋವರೆಗೂ ಕಣ ಬಿಡಲ್ಲ" ಎಂದು ಹಿಂದಲೆ ಮುಟ್ಟಿಕೊಂಡ. ಜುಟ್ಟು ಕತ್ತರಿಸಿದ ಮೇಲೆ ಯಾವ ಕಾಳಗದವನೂ ಮತ್ತೆ ಇಳಿಯುವಂತಿಲ್ಲ ಎಂಬುದು ನಿನಗೆ ಗೊತ್ತೇ ಇದೆ. ಸೆವಿಯಾದ ಗೂಳಿಗಳು ನಮ್ಮೂರಿನವುಗಳಂತಲ್ಲ, ಮಗಾ. ಅಲ್ಲಿ ಅಡ್ಡ ಬರಲು ನನ್ನ ಕಾಲೂ ಮೊದಲಿನದ್ದಲ್ಲ.

ಮಾತೆ ನಿನ್ನನ್ನು ತಣ್ಣಗಿಟ್ಟಿರಲಿ.

ಉತ್ರೇರಾದ ಅತಿ ಚೆಂದದ ಎಡಗೆನ್ನೆಯ ನಿನ್ನ ಚಿಕ್ಕಪ್ಪ,
ಫುಲ್ಹೆನ್ಸಿಯೋ

ಇನ್ನೊಂದು ಮಾತು: ಇಷ್ಟು ಬರೆಯುವಷ್ಟರಲ್ಲಿ ಅತ್ತಿಗೆ ಬಂದು ಈ ಕಾಗದದ ಪಕ್ಕ ಜುಟ್ಟು ಇಟ್ಟಳು. ಅಣ್ಣ ಮಧ್ಯಾಹ್ನದ ನಿದ್ದೆಯಲ್ಲಿದ್ದಾಗ ಕತ್ತರಿಸಿದ್ದಾಳೆ. ಕತ್ತರಿಯನ್ನು ನಾನು ಇಸಿದುಕೊಂಡಿದ್ದೇನೆ, ಎದ್ದವನು ಅದನ್ನು ನನ್ನ ಕೈಯಲ್ಲೇ ನೋಡಲಿ. ತಮ್ಮನ ಮುಖ ನೋಡದೆ ಅವನು ಬದುಕಿಯಾನು, ಹೆಂಡತಿಯ ಮುಖ ನೋಡದೆ ಬದುಕಲಾರ. ಜುಟ್ಟು ಈ ಲಕೋಟೆಯಲ್ಲಿದೆ, ಜೋಪಾನ. ನಾಡಿದ್ದು ನಿನ್ನ ಬಾಗಿಲಿಗೆ ಬರುತ್ತೇನೆ, ಹಾಸಿಗೆ ಹಾಸಿರು. ಒಳಗೆ ಅಣ್ಣನ ಮಂಚ ಕಿರುಗುಟ್ಟುತ್ತಿದೆ, ಏಳುತ್ತಿದ್ದಾನೆ. ನಿನ್ನಮ್ಮ ಏನೇ ಬರೆಯಲಿ, ಕತ್ತರಿಸಿದ್ದು ನಾನು.